ಕೀಗೊಂಚಲಿನ ಡ್ರಾಯಿಂಗ್ ಆಫೀಸು

ಮನೆ ಪ್ಲಾನು ಹಾಕಿಕೊಡುವ ಈಗಿನ ಹುಡುಗರನ್ನು ನೋಡಿದ್ದೀರಾ? "ಆಫೀಸು ಎಲ್ಲಪ್ಪಾ?" ಅಂತ ಕೇಳಿದರೆ ಬೈಕಿನ ಕೀಗೊಂಚಲು ಎತ್ತಿ ತೋರಿಸುತ್ತಾರೆ. ಅದರಲ್ಲಿ ಜೋತಾಡುವ ಪೆನ್‌ಡ್ರೈವೇ ಆಫೀಸು! 1982ರಲ್ಲಿ ಕಂಪ್ಯೂಟರಿನಲ್ಲೇ ನಕ್ಷೆ ಬರೆಯುವ ಆಟೋಕ್ಯಾಡ್ ಬಂದಮೇಲೆ ಡ್ರಾಯಿಂಗ್ ಬೋರ್ಡು, ಟೀ-ಸ್ಕ್ವೇರು ಮೆಲ್ಲಗೆ ಅಟ್ಟ ಸೇರಿದವು. ಈಗ ಆಟೋಕ್ಯಾಡೇ ಜೇಬಿಗೆ ಇಳಿಯಬೇಕಂತೆ.

ಇಳಿಯುತ್ತದೆಯೇ? ಫೋಲ್ಡರು ಕಾಪಿ ಮಾಡಿ ತಂದರೆ ಹೊಸ ಜಾಗದಲ್ಲಿ ಅದು ಮುನಿಸಿಕೊಂಡ ಬೀಗರ ಹಾಗೆ: ರಿಜಿಸ್ಟ್ರಿ ಎಲ್ಲಿ, ಲೈಸೆನ್ಸು ಎಲ್ಲಿ ಅಂತ ಬಾಗಿಲಲ್ಲೇ ತಗಾದೆ. ಹಾಗಂತ ನಮ್ಮ ಹುಡುಗರು ಬಿಟ್ಟಾರೆಯೇ? 'ಪೋರ್ಟಬಲ್' ಅಂತ ಹೆಸರಿಟ್ಟ ಕಳ್ಳಪ್ರತಿ ಯಾರದೋ ಕೈಯಿಂದ ಬಂದೇ ಬರುತ್ತದೆ. ಜೊತೆಗೆ ಕಂಪ್ಯೂಟರ್ ಹುಳವೂ ಪುಕ್ಕಟೆ ಬರಬಹುದು. 2012ರಲ್ಲಿ ಬಯಲಾದ ಮೆಡ್ರೆ ಎಂಬ ಹುಳಕ್ಕೆ ಡ್ರಾಯಿಂಗುಗಳೆಂದರೇ ಆಸೆ. ಫೋಲ್ಡರಿನಲ್ಲಿ ಆಟೋಕ್ಯಾಡಿಗೆ ಅರ್ಥವಾಗುವ ಚಿಕ್ಕದೊಂದು ಲಿಸ್ಪ್ ಫೈಲಾಗಿ ಅಡಗಿದ್ದು, ನೀವು ತೆರೆದ ಡ್ರಾಯಿಂಗನ್ನು ನಿಮಗೇ ಗೊತ್ತಿಲ್ಲದಂತೆ ಮೇಲ್ ಮಾಡಿಬಿಡುತ್ತಿತ್ತು. ಹೆಚ್ಚು ಏಟು ತಿಂದವರು ಪೆರು ದೇಶದವರು.

ಇನ್ನೊಂದು ಡ್ರಾಯಿಂಗ್ ಸಾಫ್ಟ್‌ವೇರ್ ಫ್ರೀಕ್ಯಾಡ್ ಪಾಪ, ಸಾಧು. ದುಡ್ಡು ಕೇಳುವುದಿಲ್ಲ, ಇನ್‌ಸ್ಟಾಲ್ ಅನ್ನುವುದಿಲ್ಲ. ಗಂಟು ಬಿಚ್ಚಿ ಕ್ಲಿಕ್ಕಿಸಿದರೆ ಎದ್ದು ಕೂರುತ್ತದೆ. ಆದರೆ ಆ ಗಂಟಿನಲ್ಲಿ ಸಾವಿರಾರು ಪುಟಾಣಿ ಫೈಲು. ಅಗ್ಗದ ಪೆನ್‌ಡ್ರೈವಾದರೆ ಅದು ಏಳುವಷ್ಟರಲ್ಲಿ ನಿಮ್ಮ ಕಾಫಿ ಆರಿರುತ್ತದೆ. ಎದ್ದಮೇಲೂ ಆಟೋಕ್ಯಾಡಿನ ಡಿಡಬ್ಲ್ಯೂಜಿ ಫೈಲು ಕೊಟ್ಟರೆ "ಬೇರೆ ಕನ್ವರ್ಟರ್ ತನ್ನಿ" ಅನ್ನುತ್ತದೆ. ಸಾಧುಗಳಿಗೂ ಮಡಿ ಇರುತ್ತದೆ, ನೋಡಿ.

ತಮಾಷೆ ಇರುವುದು ಕನ್ನಡದಲ್ಲಿ ಬರೆದ ಪ್ಲಾನಿನಲ್ಲಿ. ಡ್ರಾಯಿಂಗ್ ಫೈಲು ಫಾಂಟನ್ನು ಹೊಟ್ಟೆಯಲ್ಲಿಟ್ಟುಕೊಂಡು ಬರುವುದಿಲ್ಲ. ಹಳೇ ನುಡಿ ಫಾಂಟಿನಲ್ಲಿ 'ದೇವರ ಕೋಣೆ' ಅಂತ ಟೈಪಿಸಿ, ಆ ಫಾಂಟಿಲ್ಲದ ಕಂಪ್ಯೂಟರಿಗೆ ಪೆನ್‌ಡ್ರೈವ್ ಚುಚ್ಚಿ. ತಲೆ ಮೇಲೆ ಗೀಟು, ಚುಕ್ಕಿ ಹೊತ್ತ ಇಂಗ್ಲಿಷ್ ಅಕ್ಷರಗಳ ಸಾಲು ಎದುರಾಗುತ್ತದೆ. ಮನೆ ಯಜಮಾನರು ಕನ್ನಡಕ ಏರಿಸಿ, "ಏನಪ್ಪಾ, ದೇವರ ಕೋಣೇಲಿ ಯಾವ ಮಂತ್ರ ಬರೆದಿದೀಯ? ಈಶಾನ್ಯದಲ್ಲಿ ತಾನೇ ಇರೋದು?" ಅನ್ನುತ್ತಾರೆ. ಹುಡುಗ ಪಕ್ಕದ ಪ್ಲಾಟಿಂಗ್ ಅಂಗಡಿಗೆ ಓಡುತ್ತಾನೆ. ಅಲ್ಲಿ ಕೂತವನು ತಲೆಯನ್ನೂ ಎತ್ತದೆ, "ಕ್ಯಾಡು ಗೀಡು ಬೇಡ ಗುರೂ, ಪಿಡಿಎಫ್ ತಂದಿದ್ರೆ ಕೊಡು" ಅನ್ನುತ್ತಾನೆ.