ಮೌನೇಶನ ಗಿಟಾರು

‘ಈಗ ಕೇಳಿಸ್ಕೊಳ್ಳಿ’ ಎಂದು ಮೌನೇಶ ಗಿಟಾರನ್ನು ಒಮ್ಮೆ ಮೀಟುತ್ತಾನೆ. ‘ಜುಗ್’ ಎಂದು ಸದ್ದು ಹುಟ್ಟಿ ಅಲ್ಲೇ ಸಾಯುತ್ತದೆ. ಎರಡು ಕ್ಷಣ ಬಿಟ್ಟು, ಹುಬ್ಬೇರಿಸಿ, ‘ಆಮೇಲೆ ಏನಾದ್ರೂ ಕೇಳಿಸ್ತಾ?’ ಅನ್ನುತ್ತಾನೆ. ನೀವು ಮರ್ಯಾದಸ್ಥರಾದರೆ ಒಂದಿಷ್ಟು ಯೋಚಿಸಿದಂತೆ ಮಾಡಿ, ‘ಇಲ್ವಲ್ಲ’ ಅನ್ನುತ್ತೀರಿ. ‘ಅದೇ!’ ಎಂದು ಅವನ ಮುಖ ಅರಳುತ್ತದೆ. ಕಾಫಿಗೆ ಬಂದವರು ಬಾಯಿತಪ್ಪಿ ‘ಒಂದು ಹಾಡು ನುಡಿಸಪ್ಪ’ ಎಂದದ್ದಕ್ಕೆ ಸಿಕ್ಕುವ ಕಛೇರಿ ಇಷ್ಟೇ. ತನಿ ಆವರ್ತನ ಬೇಕೆಂದರೆ ಇನ್ನೊಂದು ‘ಜುಗ್’.

ಮೌನೇಶ ಎಂಬುದು ನಾನಿಟ್ಟ ಹೆಸರು. ಬೆಂಗಳೂರಿನ ಯಾವ ಅಪಾರ್ಟ್‌ಮೆಂಟಿಗೆ ಹೋದರೂ ಇಂಥವನೊಬ್ಬ ಸಿಗುತ್ತಾನೆ. ಕಂಪ್ಯೂಟರ್ ಕೆಲಸ, ಸ್ವಂತ ಫ್ಲ್ಯಾಟು, ನೆತ್ತಿ ಕಾಣುವಷ್ಟು ಕೂದಲು, ಮಂಚದಡಿ ನಾಲ್ಕು ಗಿಟಾರು. ಕಾಲೇಜಿನಲ್ಲಿ ಇವನದೊಂದು ಬ್ಯಾಂಡಿತ್ತು. ಆಗ ಹಾಸ್ಟೆಲಿನ ಮೆಟ್ಟಿಲ ಮೇಲೆ ಕೂತು ನಾಲ್ಕು ಕಾರ್ಡಿನಲ್ಲಿ ನಲವತ್ತು ಹಾಡು ನುಡಿಸುತ್ತಿದ್ದನಂತೆ. ಕೇಳಿದವರು ಇನ್ನೂ ನೆನೆಸಿಕೊಳ್ಳುತ್ತಾರೆ. ಕೆಟ್ಟದ್ದು 2011ರ ಅಕ್ಟೋಬರ್ 30ರಂದು. ಅರಮನೆ ಮೈದಾನದಲ್ಲಿ ಮೆಟಾಲಿಕಾ. ಸುತ್ತಲಿನ ಜನವೆಲ್ಲ ಹಾಡಿಗೆ ತಲೆ ಕುಣಿಸುತ್ತಿದ್ದರೆ ಇವನು ಮಾತ್ರ ಆ ಬ್ಯಾಂಡಿನ ಗಿಟಾರುಗಾರ ಹೆಟ್‌ಫೀಲ್ಡನ ಬಲಗೈಯ ಅಂಚನ್ನು ನೋಡುತ್ತ ನಿಂತುಬಿಟ್ಟ. ಅಂಗೈಯ ಅಂಚು ಬ್ರಿಡ್ಜಿನ ಬಳಿ ತಂತಿಗಳ ಮೇಲೆ ಕೂತಾಗ ‘ಜುಗ್ ಜುಗ್’, ಎದ್ದಾಗ ‘ಜೋಂ’. ನಿಲ್ಲಿಸಬೇಕಾದಲ್ಲಿ ಗಿಟಾರು ಕತ್ತರಿಸಿದ ಹಾಗೆ ನಿಂತಿತು. ಸಾವಿರಾರು ಜನ ಅಂದು ಹಾಡು ಕೇಳಿ ಮನೆಗೆ ಹೋದರು. ಮೌನೇಶ ಹಾಡುಗಳ ನಡುವಿನ ಸಂದು ಕೇಳಿ ಬಂದ.

ನುಡಿಸದ ತಂತಿ ಸದ್ದು ಮಾಡಬಾರದೆಂಬ ಅವನ ತಕರಾರಿನಲ್ಲಿ ಹುರುಳಿಲ್ಲವೆಂದು ಹೇಳಲಾರೆ. ಗಿಟಾರಿಗೆ ಆರು ತಂತಿ. ಒಂದು ಸ್ವರ ನುಡಿಸುವಾಗ ಕೆಲಸವಿರುವುದು ಒಂದಕ್ಕೆ, ಉಳಿದೈದಕ್ಕೆ ರಜೆ. ರಜೆಯಲ್ಲಿದ್ದವು ಸುಮ್ಮನಿರಬೇಕಲ್ಲ? ಎಲ್ಲಕ್ಕಿಂತ ಸಣ್ಣ ತಂತಿಯ ಐದನೇ ಫ್ರೆಟ್ ಒತ್ತಿ ಮೀಟಿದರೆ 440 ಹರ್ಟ್ಜ್. ಯಾರೂ ಮುಟ್ಟದ ಐದನೇ ತಂತಿ 110ರದ್ದು. ಅದರ ನಾಲ್ಕರಷ್ಟು 440. ನಾಲ್ಕನೇ ತಂತಿ ಹೆಚ್ಚುಕಡಿಮೆ 147ರದ್ದು. ಅದರ ಮೂರರಷ್ಟೂ ಅಲ್ಲಿಗೇ ಬಂದು ನಿಲ್ಲುತ್ತದೆ. ನಡುಕ ಬ್ರಿಡ್ಜ್ ದಾಟಿ ಬಂದದ್ದೇ ತಡ, ಕರೆಯದ ಮದುವೆಗೆ ಬಂದ ನೆಂಟರ ಹಾಗೆ ಇವೆರಡೂ ಹಸೆ ಮುಂದೆ ಕೂತು ತಮ್ಮದೂ ಒಂದು ಹಾಡು ಹೇಳಿಬಿಡುತ್ತವೆ. ಮರದ ಗಿಟಾರಿನಲ್ಲಾದರೆ ಇದನ್ನು ಇಂಪು ಅನ್ನುತ್ತೇವೆ. ಎಲೆಕ್ಟ್ರಿಕ್ ಗಿಟಾರಿಗೆ ಡಿಸ್ಟಾರ್ಶನ್ ಹಾಕಿ ಆಂಪಿನ ಗುಬುಟು ತಿರುಗಿಸಿದರೆ ಪಿಸುಮಾತೂ ಕೂಗಿನ ಮಟ್ಟಕ್ಕೇರುತ್ತದೆ. ಬೆರಳು ಎತ್ತಿದ ಸದ್ದು, ಸರಿದ ಸದ್ದು, ಪಕ್ಕದ ತಂತಿಗೆ ಉಗುರು ತಾಗಿದ್ದು, ಎಲ್ಲವೂ ಒಟ್ಟಿಗೆ ಗದ್ದಲ ಎಬ್ಬಿಸುತ್ತವೆ.

ಇದಕ್ಕೆ ಪರಿಹಾರ ಕೈಯಲ್ಲೇ ಇದೆ. ಎಡಗೈ ತೋರುಬೆರಳಿನ ತುದಿ ಪಕ್ಕದ ದಪ್ಪ ತಂತಿಯನ್ನು ಸೋಕುತ್ತಿರಬೇಕು, ಅದೇ ಬೆರಳಿನ ಒಳಮೈ ಸಣ್ಣ ತಂತಿಗಳ ಮೇಲೆ ಒರಗಿರಬೇಕು, ಬಲಗೈ ಅಂಚು ಉಳಿದ ದಪ್ಪದವನ್ನು ನೋಡಿಕೊಳ್ಳಬೇಕು. ಹೆಬ್ಬೆರಳು ಉದ್ದವಿದ್ದವರು, ಜಿಮಿ ಹೆಂಡ್ರಿಕ್ಸ್ ಮಾಡುತ್ತಿದ್ದಂತೆ, ಗಿಟಾರಿನ ಕತ್ತಿನ ಮೇಲಿಂದ ಅದನ್ನು ಚಾಚಿ ಆರನೇ ತಂತಿಯ ಬಾಯಿ ಮುಚ್ಚಬಹುದು. ಒಂದೇ ಬೆರಳು ಹಗುರಾಗಿ ತಾಗಿದರೆ ಸಾಲದು. ಐದು, ಏಳು, ಹನ್ನೆರಡನೇ ಫ್ರೆಟ್ಟುಗಳ ನೇರಕ್ಕೆ ಹಾಗೆ ತಾಗಿದರೆ ತಂತಿ ಸುಮ್ಮನಾಗುವ ಬದಲು ಇನ್ನೂ ಮೇಲಿನ ಸ್ವರದಲ್ಲಿ ‘ಟಿಣ್’ ಅಂದುಬಿಡುತ್ತದೆ. ಎರಡು ಬೆರಳು ಬೇಕು. ನುಡಿಸಬಲ್ಲವರ ಕೈ ನೋಡಿದರೆ ಅರ್ಧ ಕೆಲಸ ಈ ತಡೆಯುವುದರಲ್ಲೇ ಹೋಗುತ್ತಿರುತ್ತದೆ, ಕೇಳುವವರಿಗೆ ಗೊತ್ತೂ ಆಗುವುದಿಲ್ಲ. ಖರ್ಚು ಕಾಸಿಲ್ಲ, ಕೈ ಪಳಗಲು ವರ್ಷಗಳು ಬೇಕು ಅಷ್ಟೆ. ಆದರೆ ಪುಕ್ಕಟೆ ಸಿಗುವ ವಸ್ತುವಿನಲ್ಲಿ ಮೌನೇಶನಿಗೆ ನಂಬಿಕೆಯಿಲ್ಲ. ತಿಂಗಳ ಕೊನೆಗೆ ಸಂಬಳ ಬರುವವನು.

ಮೊದಲು ಹೋದದ್ದು ಮಗಳ ಹೇರ್‌ಬ್ಯಾಂಡು. ದಪ್ಪ ಬಟ್ಟೆಯ ಬ್ಯಾಂಡನ್ನು ಕತ್ತಿನ ತುದಿಯ ನಟ್ಟಿನ ಪಕ್ಕ, ಮೊದಲ ಫ್ರೆಟ್ಟಿನ ಹತ್ತಿರ ಎರಡು ಸುತ್ತು ಸುತ್ತಿದರೆ ಬೆರಳು ಒತ್ತದ ತಂತಿ ಒಂದೂ ಉಸಿರೆತ್ತುವುದಿಲ್ಲ. ಎರಡೂ ಕೈಯಿಂದ ಫ್ರೆಟ್‌ಬೋರ್ಡಿನ ಮೇಲೆ ತಟ್ಟಿ ನುಡಿಸುವವರಿಗೆ ಇದು ವರ. ಮಗಳಿಗೆ ಶಾಲೆಯ ಡೈರಿಯಲ್ಲಿ ಕೆಂಪು ಶಾಯಿಯ ರಿಮಾರ್ಕು.

‘ಅಪ್ಪಾ, ಕಪ್ಪು ಬ್ಯಾಂಡೇ ಹಾಕ್ಕೊಂಡ್ ಬರ್ಬೇಕಂತೆ.’

‘ನೀಲಿ ಹಾಕ್ಕೊಂಡ್ ಹೋಗು ಪುಟ್ಟಿ. ಕಪ್ಪು ಬ್ಯಾಂಡಿಂದು ಟೋನ್ ಚೆನ್ನಾಗಿದೆ.’

ಆಮೇಲೆ ಅದಕ್ಕೆಂದೇ ತಯಾರಾದ ಪಟ್ಟಿಗಳು ಬಂದವು, ಸಣ್ಣದು, ನಡುವಿನದು, ದೊಡ್ಡದು. ಬಂದ ಮೇಲೆ ಹೊಸ ರೋಗಗಳು ಕಂಡವು. ಕತ್ತಿನ ತಂತಿಗಳು ಸುಮ್ಮನಾದಾಗ ನಟ್ಟಿನ ಆಚೆ, ಬಿರಡೆಗಳ ಕಡೆಗಿರುವ ಗೇಣುದ್ದದ ತಂತಿಯ ತುಣುಕುಗಳು ಕಿಣಿಕಿಣಿ ಎನ್ನುವುದು ಕೇಳಿಸಿತು. ಅಲ್ಲಿಗೆ ಫೋಮ್ ತುರುಕಿದ. ಅದು ಅಡಗಿದಾಗ ಗಿಟಾರಿನ ಬೆನ್ನಿನ ಪೊಟರೆಯಲ್ಲಿರುವ ಟ್ರೆಮೊಲೊ ಸ್ಪ್ರಿಂಗುಗಳು ಸಣ್ಣಗೆ ಗುನುಗುವುದು ಕೇಳಿಸಿತು. ಹೆಂಡತಿ ಅಡಿಗೆಮನೆಯಿಂದ, ‘ರೀ, ಸಿಂಕಿನ ಹತ್ರ ಇಟ್ಟಿದ್ದ ಹೊಸ ಸ್ಪಂಜು ಎಲ್ಲಿ?’ ಎಂದು ಕೇಳಿದ ದಿನ ಸ್ಪ್ರಿಂಗುಗಳೂ ಸುಮ್ಮನಾದವು. ಈ ನಡುವೆ ಓಪನ್ ಕಾರ್ಡ್ ನುಡಿಸುವುದು ಮಾತ್ರ ನಿಂತುಹೋಯಿತು. ಅದಕ್ಕೆ ತಂತಿಗಳನ್ನು ಬಿಟ್ಟು ನುಡಿಸಬೇಕು; ಬಿಡಬೇಕಾದರೆ ಪಟ್ಟಿಯನ್ನು ನಟ್ಟಿನ ಆಚೆ ಸರಿಸಬೇಕು; ಸರಿಸಿದರೆ ಆಚೆ ತುರುಕಿದ ಫೋಮ್ ಹಾರಿ ಬೀಳುತ್ತದೆ. ಹಾಸ್ಟೆಲಿನ ಮೆಟ್ಟಿಲ ಮೇಲಿನ ನಲವತ್ತು ಹಾಡುಗಳೂ ಓಪನ್ ಕಾರ್ಡಿನವು.

ಯಾರಾದರೂ ನಕ್ಕರೆ ವಂಶಾವಳಿ ಬಿಚ್ಚುತ್ತಾನೆ. ಲಿಯೊ ಫೆಂಡರ್ 1951ರಲ್ಲಿ ಪ್ರಿಸಿಶನ್ ಬೇಸ್ ಮಾಡಿದಾಗಲೇ ಬ್ರಿಡ್ಜಿನ ಮೇಲಿನ ಲೋಹದ ಮುಚ್ಚಳದೊಳಗೆ ತಂತಿಗಳನ್ನು ಅದುಮುವ ಮೆತ್ತೆ ಇಟ್ಟಿದ್ದ. ಜನ ಮುಚ್ಚಳ ಕಿತ್ತು ಸಿಗರೇಟಿನ ಬೂದಿ ಕೊಡವಿಕೊಂಡರು. 1962ರಲ್ಲಿ ಬಂದ ಫೆಂಡರ್ ಜಾಗ್ವಾರ್ ಗಿಟಾರಿಗೆ ಕಾರ್ಖಾನೆಯಿಂದಲೇ ಫೋಮಿನ ಪಟ್ಟಿ. ಒತ್ತಿದರೆ ಎದ್ದು ಆರೂ ತಂತಿಗೆ ಅಡಿಯಿಂದ ಆನುತ್ತಿತ್ತು. ಅದನ್ನೂ ಎಷ್ಟೋ ಜನ ಬಿಚ್ಚಿ ಎಸೆದರು. ಈ ಭಾಗ ಹೇಳುವಾಗ ಮೌನೇಶನ ಗಂಟಲು ಕಟ್ಟುತ್ತದೆ. ಎರಡು ಕತ್ತಿನ ಗಿಟಾರನ್ನು ಎರಡೂ ಕೈಯಲ್ಲಿ ಬೇರೆಬೇರೆಯಾಗಿ ತಟ್ಟುವ ಮೈಕೆಲ್ ಏಂಜೆಲೊ ಬಾಟಿಯೊ ತನಗೆ ಬೇಕಾದ ಡ್ಯಾಂಪನರನ್ನು ತಾನೇ ರೂಪಿಸಿಕೊಂಡ ಎಂಬಲ್ಲಿ ಸ್ವರ ಮತ್ತೆ ಏರುತ್ತದೆ. ಎಲ್ಲರಿಗಿಂತ ಮೇಲೆ ಕುಲಗುರು, ಮೋಟೌನ್ ಸ್ಟುಡಿಯೊದ ಜೇಮ್ಸ್ ಜೇಮರ್‌ಸನ್. ಡೆಟ್ರಾಯಿಟಿನ ಆ ಪುಣ್ಯಾತ್ಮ ತನ್ನ ಬೇಸಿನ ಮುಚ್ಚಳ ತೆಗೆಯಲಿಲ್ಲ, ಮೆತ್ತೆ ತೆಗೆಯಲಿಲ್ಲ, ತಂತಿ ಹರಿಯುವ ತನಕ ತಂತಿ ಬದಲಿಸಲಿಲ್ಲ. ಬಲಗೈ ತೋರುಬೆರಳೊಂದರಲ್ಲೇ ಮೀಟಿ ಅರವತ್ತರ ದಶಕದ ಅಮೆರಿಕವನ್ನೆಲ್ಲ ಕುಣಿಸಿದ. ಇಷ್ಟು ಹೇಳಿ ಮೌನೇಶ ಗೆದ್ದವನಂತೆ ನೋಡುತ್ತಾನೆ. ಜೇಮರ್‌ಸನ್ ಮೆತ್ತೆ ಇಟ್ಟುಕೊಂಡು ನುಡಿಸಿದ. ನಮ್ಮವನು ಮೆತ್ತೆ ಇಟ್ಟು ಮುಗಿಸಿದ. ಈ ಮಾತನ್ನು ನಾನು ಅವನೆದುರು ಆಡುವುದಿಲ್ಲ, ಅವರ ಮನೆ ಕಾಫಿ ಚೆನ್ನಾಗಿರುತ್ತದೆ.

ಕಳೆದ ಬಾರಿ ಮೈಸೂರಿನಿಂದ ಅವನ ಅತ್ತೆ ಬಂದಿದ್ದರು, ತಂಬೂರಿ ಸಮೇತ. ಬೆಳಿಗ್ಗೆ ಹಾಲಿನಲ್ಲಿ ಚಾಪೆ ಹಾಸಿ, ನಾಲ್ಕೂ ತಂತಿ ಶ್ರುತಿ ಮಾಡಿ, ಕುದುರೆಯ ಮೇಲೆ ತಂತಿಗಳಡಿ ಹತ್ತಿ ದಾರದ ಎಳೆಗಳನ್ನು ತೂರಿಸಿ, ಒಂದೊಂದನ್ನೇ ಕೂದಲೆಳೆಯಷ್ಟು ಹಿಂದಕ್ಕೆ, ಮುಂದಕ್ಕೆ ಸರಿಸುತ್ತ ಕೂತಿದ್ದರು. ಕಿವಿ ತಂಬೂರಿಗೆ, ಕಣ್ಣು ಮುಚ್ಚಿದೆ. ಸರಿಯಾದ ಜಾಗದಲ್ಲಿ ದಾರ ನಿಂತದ್ದೇ ಅಷ್ಟು ಹೊತ್ತು ಮಂಕಾಗಿದ್ದ ಮಂದ್ರದ ತಂತಿಗೆ ಜೀವ ಬಂತು; ‘ಝೇಂ’ ಎಂದು ಒಳಗಿನ ಸ್ವರಗಳೆಲ್ಲ ಒಂದೊಂದಾಗಿ ಬಿಚ್ಚಿಕೊಂಡವು. ಒಳಗೆ ಮೀಟಿಂಗಿನಲ್ಲಿದ್ದ ಮೌನೇಶ ಹೆಡ್‌ಫೋನ್ ಕಿತ್ತು ಓಡಿಬಂದ.

‘ಅತ್ತೆ, ಬಝ್ ಆಗ್ತಿದೆ. ನೀವು ಹಾಗೇ ಇರಿ, ಕೈ ತೆಗೀಬೇಡಿ, ಫೋಮ್ ತರ್ತೀನಿ.’

‘ಅಳಿಯಂದ್ರೇ,’ ಅಂದರು ಅವರು ಕಣ್ಣು ಬಿಡದೆ, ‘ಅರ್ಧ ಗಂಟೆಯಿಂದ ಅದನ್ನ ಬರಿಸೋಕೇ ಒದ್ದಾಡ್ತಿದೀನಿ. ನೀವು ಆಫೀಸ್ ಕೆಲಸ ನೋಡ್ಕೊಳ್ಳಿ.’

ಅಂದು ಸಂಜೆ ಅವನಿಗೆ ಸಮಾಧಾನ ಮಾಡಲು ಹೋಗಿ ನಾನು ಇನ್ನಷ್ಟು ಕೆಡಿಸಿದೆ. ಸಿತಾರಿಗೆ ಮುಟ್ಟದೆಯೂ ಮಿಡಿಯಲೆಂದೇ ಹನ್ನೊಂದೋ ಹದಿಮೂರೋ ತರಫ್ ತಂತಿ ಕಟ್ಟುತ್ತಾರೆ ಅಂದೆ. ನಂಬಲಿಲ್ಲ. ವಿಶ್ವಮೋಹನ ಭಟ್ಟರು ಗಿಟಾರಿಗೇ ಹಾಗೆ ಹನ್ನೆರಡು ತಂತಿ ಸೇರಿಸಿ ಮೋಹನವೀಣೆ ಮಾಡಿಕೊಂಡರು, ರೈ ಕೂಡರ್ ಜೊತೆ ನುಡಿಸಿದ್ದಕ್ಕೆ 1994ರಲ್ಲಿ ಗ್ರ್ಯಾಮಿ ಬಂತು ಅಂದೆ. ಬೆಳ್ಳಗಾದ. ‘ಹನ್ನೆರಡು ಎಕ್ಸ್‌ಟ್ರಾನಾ? ಗಿಟಾರಿಗಾ? ಮತ್ತೆ ಮ್ಯೂಟ್ ಹೇಗ್ ಮಾಡ್ತಾರೆ?’ ರಾತ್ರಿ ನಿದ್ದೆ ಮಾಡಲಿಲ್ಲವೆಂದು ಅವನ ಹೆಂಡತಿ ಹೇಳಿದರು.

ಗಿಟಾರಿನಲ್ಲಿ ಅಡಗಿಸಲು ಏನೂ ಉಳಿಯದಿದ್ದಾಗ ಇಂಥವರು ಮನೆಯತ್ತ ತಿರುಗುತ್ತಾರೆ. ಷೋಕೇಸಿನ ಗಾಜಿಗೆ ಫೆಲ್ಟ್ ಬಂತು. ಅಟ್ಟದ ಮೇಲಿನ ಸ್ಟೀಲ್ ಡಬ್ಬಗಳ ನಡುವೆ ಹಳೆಯ ಬನೀನು ಬಂತು. ಮೇಲಿನ ಯಾವುದೋ ಸ್ವರ ನುಡಿಸಿದಾಗ ದೇವರ ಮನೆಯಿಂದ ಯಾರೋ ದನಿಗೂಡಿಸುತ್ತಾರೆಂದು ಅವನಿಗೆ ಅನುಮಾನ. ಒಂದು ಭಾನುವಾರವಿಡೀ ಕಿವಿಯಾನಿಸಿ ಹುಡುಕಿ, ಕೊನೆಗೆ ಹಿತ್ತಾಳೆ ಗಂಟೆಯನ್ನು ಕೈಯಾರೆ ಹಿಡಿದ. ಮರುದಿನ ಅತ್ತೆ ಮಂಗಳಾರತಿ ಎತ್ತಿ, ಎಡಗೈಯಲ್ಲಿ ಗಂಟೆ ಆಡಿಸಿದರೆ ‘ಠಕ್’ ಅಂದಿತು. ಮತ್ತೆ ಆಡಿಸಿದರು. ‘ಠಕ್.’ ಬಗ್ಗಿಸಿ ನೋಡಿದರೆ ಗಂಟೆಯ ನಾಲಿಗೆಗೆ ಅಚ್ಚುಕಟ್ಟಾಗಿ ಫೆಲ್ಟ್ ಸುತ್ತಿ, ದಾರ ಕಟ್ಟಿ, ಗಂಟು ಹಾಕಿತ್ತು. ಆ ಮನೆಯಲ್ಲಿ ಆಮೇಲೆ ಎದ್ದ ಸದ್ದನ್ನು ಅಡಗಿಸುವ ಸಾಧನ ಇನ್ನೂ ಮಾರುಕಟ್ಟೆಗೆ ಬಂದಿಲ್ಲ.

ಇಷ್ಟೆಲ್ಲ ತಯಾರಿಯ ಫಲ ಕಂಡದ್ದು ನವೆಂಬರಿನಲ್ಲಿ, ಅಪಾರ್ಟ್‌ಮೆಂಟಿನ ರಾಜ್ಯೋತ್ಸವದಂದು. ಮೌನೇಶನದು ಗಿಟಾರ್ ಸೋಲೊ: ಹಳೆಯ ಚಿತ್ರಗೀತೆಯೊಂದನ್ನು ಮೆಲ್ಲಗೆ ಎತ್ತಿಕೊಂಡು ಕೊನೆಗೆ ಜೋರಿಗೆ ಏರಿಸುವುದು. ವೇದಿಕೆಗೆ ಹೋಗಿ ವೈರು ಸಿಕ್ಕಿಸಿದ ಕೂಡಲೇ ಆಂಪು ‘ಹೂಂ’ ಎಂದಿತು. ಇವನ ಗಿಟಾರಿನದು ಸಿಂಗಲ್ ಕಾಯಿಲ್ ಪಿಕಪ್ಪು; ನಮ್ಮ ಕರೆಂಟಿನ 50 ಹರ್ಟ್ಜ್ ಅದರೊಳಗೆ ಸಲೀಸಾಗಿ ನುಗ್ಗುತ್ತದೆ. ಜೊತೆಗೆ ವೇದಿಕೆಯ ಬಣ್ಣದ ದೀಪಗಳು, ಅವುಗಳ ಡಿಮ್ಮರು ಬೇರೆ ಜುಂಯ್ಗುಡುತ್ತಿತ್ತು. ಅದಕ್ಕೆಂದೇ ಅವನ ಕಾಲಡಿ ನಾಯ್ಸ್ ಗೇಟ್ ಪೆಡಲ್ ಇತ್ತು. ಗೊತ್ತುಮಾಡಿದ ಮಟ್ಟಕ್ಕಿಂತ ಸಣ್ಣ ಸದ್ದು ಬಂದರೆ ಅದು ಬಾಗಿಲು ತೆಗೆಯುವುದಿಲ್ಲ. ಮೌನೇಶ ಬಗ್ಗಿ ಗುಬುಟನ್ನು ‘ಹೂಂ’ ಅಡಗುವವರೆಗೆ ತಿರುಗಿಸಿದ. ಸುರಕ್ಷತೆಗಿರಲೆಂದು ಇನ್ನೂ ಒಂದು ಚೂರು.

ನುಡಿಸತೊಡಗಿದ. ಎಡಗೈ ಓಡಾಡುತ್ತಿತ್ತು, ಬಲಗೈ ಮಿಡಿಯುತ್ತಿತ್ತು, ತಲೆ ತೂಗುತ್ತಿತ್ತು. ಸ್ಪೀಕರಿನಿಂದ ಏನೂ ಬರಲಿಲ್ಲ. ಮುಂದಿನ ಸಾಲಿನ ಹಿರಿಯರೊಬ್ಬರು ‘ಕರೆಂಟ್ ಹೋಯ್ತೇನೋ?’ ಎಂದು ದೀಪ ನೋಡಿದರು. ‘ಅಂಕಲ್ ಆಕ್ಟಿಂಗ್ ಮಾಡ್ತಿದಾರೆ’ ಎಂದು ಒಂದು ಮಗು ವಿವರಿಸಿತು. ಸೌಂಡಿನ ಹುಡುಗ ವೈರು ಹಿಡಿದು ಅಲ್ಲಾಡಿಸಿ, ಮೂರು ಸಲ ‘ಚೆಕ್, ಚೆಕ್’ ಅಂದು, ಕೈಚೆಲ್ಲಿ ಕೂತ. ಮೌನೇಶನ ಕಣ್ಣು ಮುಚ್ಚಿತ್ತು. ಕಡೆಯ ಏರಿನಲ್ಲಿ ಅವನು ಪೂರ್ತಿ ತೋಳು ಬೀಸಿ ಹೊಡೆದಾಗ ಗೇಟು ಒಂದೇ ಒಂದು ಸಲ ತೆರೆದು, ‘ಜುಗ್’ ಎಂದು ಹೊರಗೆ ಬಿಟ್ಟು, ತಕ್ಷಣ ಮುಚ್ಚಿಕೊಂಡಿತು. ಮುಗಿಯಿತೆಂದು ತಿಳಿದು ಜನ ಚಪ್ಪಾಳೆ ತಟ್ಟಿದರು.

ಕೆಳಗಿಳಿದವನು ಬೆವರು ಒರೆಸಿಕೊಳ್ಳುತ್ತ, ‘ಒಂಚೂರೂ ಹಮ್ ಇರ್ಲಿಲ್ಲ, ಗಮನಿಸಿದ್ರಾ?’ ಅಂದ. ಗಮನಿಸದೆ ಇರಲು ಯಾರಿಗೂ ಸಾಧ್ಯವಿರಲಿಲ್ಲ.

ಅಷ್ಟರಲ್ಲಿ ಅಸೋಸಿಯೇಷನ್ ಕಾರ್ಯದರ್ಶಿ ಬಂದು ಅವನ ಕೈ ಕುಲುಕಿದರು. ರಾತ್ರಿ ಹತ್ತರ ಮೇಲೆ ಧ್ವನಿವರ್ಧಕ ಹಾಕುವಂತಿಲ್ಲವೆಂಬ ಕಾನೂನಿಂದಾಗಿ ಅವರಿಗೆ ಪ್ರತಿ ವರ್ಷ ತಲೆನೋವು. ಕಾರ್ಯಕ್ರಮಗಳು ಹನ್ನೊಂದಾದರೂ ಮುಗಿಯುವುದಿಲ್ಲ. ‘ತುಂಬಾ ನೀಟಾಗಿತ್ತು ಸಾರ್’ ಅಂದರು. ‘ಮುಂದಿನ ವರ್ಷ ನಿಮ್ಮ ಐಟಂ ಹತ್ತೂವರೆಗೆ ಇಟ್ಕೊಳ್ಳೋಣ. ಪೊಲೀಸ್ನೋರು ಪಕ್ಕದಲ್ಲೇ ಬಂದು ಕೂತ್ರೂ ತೊಂದ್ರೆ ಇಲ್ಲ.’

ಮೌನೇಶ ಹೆಂಡತಿಯ ಕಡೆ ತಿರುಗಿ, ‘ಕೇಳಿಸ್ಕೊಂಡ್ಯಾ?’ ಅಂದ.