ಸೆಕೆಂಡಿಗೆ ಒಂದು ಲಕ್ಷ ವರ್ಷ

ಸಂಗೀತ ಶುರುವಾದರೆ ಗಡಿಯಾರ ಕೆಡುತ್ತದೆ ಎಂಬ ನನ್ನ ಸಿದ್ಧಾಂತವನ್ನು ಮನೆಯಲ್ಲಿ ಯಾರೂ ಒಪ್ಪುವುದಿಲ್ಲ. ರಾಮನವಮಿ ಕಛೇರಿ ಮುಗಿಸಿ ಚಾಮರಾಜಪೇಟೆಯಿಂದ ಮನೆ ಮುಟ್ಟುವ ಹೊತ್ತಿಗೆ ಸಾರು ಆರಿರುತ್ತದೆ, ಹೆಂಡತಿಯ ಮುಖ ಕಾದಿರುತ್ತದೆ. ಅಂಥ ಹೊತ್ತಿನಲ್ಲಿ ಭಾಗವತದ ಒಂಬತ್ತನೆಯ ಸ್ಕಂಧವನ್ನು ಸಾಕ್ಷಿಗೆ ಕರೆಯುವುದು ಬಿಟ್ಟರೆ ನನಗೆ ಬೇರೆ ದಾರಿಯಿಲ್ಲ.

ರೈವತ ಕಕುದ್ಮಿಯ ಕಥೆ ನಿಮಗೆ ಗೊತ್ತೇ ಇದೆ. ಕುಶಸ್ಥಲಿಯ ರಾಜ. ಮಗಳು ರೇವತಿಗೆ ತಕ್ಕ ವರ ಯಾರೆಂದು ಕೇಳಲು ಅವಳನ್ನೂ ಕರೆದುಕೊಂಡು ನೇರ ಬ್ರಹ್ಮನ ಬಳಿಗೇ ಹೋದ. ಅಲ್ಲಿ ಗಂಧರ್ವರ ಗಾಯನ ನಡೆದಿತ್ತು. ಹಾಡುತ್ತಿದ್ದವರು ಹಾಹಾ ಮತ್ತು ಹೂಹೂ ಎನ್ನುತ್ತದೆ ವಿಷ್ಣುಪುರಾಣ. ಹೆಸರಿನಲ್ಲೇ ಅರ್ಧ ಆಲಾಪನೆ ಮುಗಿದಿದೆ. ನಡುವೆ ಬಾಯಿ ಹಾಕಬಾರದೆಂದು ರಾಜ ನಿಂತ. ಕಾದದ್ದು ಒಂದೇ ಕ್ಷಣ ಎನ್ನುತ್ತದೆ ಭಾಗವತ. ಹಾಡು ಮುಗಿದ ಮೇಲೆ ಕೈಮುಗಿದು ಮನಸ್ಸಿನಲ್ಲಿದ್ದುದನ್ನು ಅರಿಕೆ ಮಾಡಿದ. ಬ್ರಹ್ಮ ನಕ್ಕುಬಿಟ್ಟ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿತ್ತು. ರಾಜ ಎಣಿಸಿಕೊಂಡಿದ್ದ ಗಂಡುಗಳಿರಲಿ, ಅವರ ಮೊಮ್ಮಕ್ಕಳ, ಗೋತ್ರಗಳ ಹೆಸರೂ ಕೇಳಿಬರುತ್ತಿರಲಿಲ್ಲ. ಗೋತ್ರವೇ ಇಲ್ಲದ ಮೇಲೆ ಜಾತಕ ಕೂಡಿಸುವುದೆಲ್ಲಿ?

ಇದರ ಲೆಕ್ಕಕ್ಕೆ ನಾನು ಕೂತದ್ದು ಒಂದು ಕಛೇರಿಯಲ್ಲಿ, ತನಿ ಆವರ್ತನದ ಹೊತ್ತಿಗೆ. ಸುತ್ತಲಿನವರೆಲ್ಲ ಕಾಫಿಗೆ ಎದ್ದಿದ್ದರು (ಮೃದಂಗ ವಿದ್ವಾಂಸರಿಗೆ ನಾವು ತೋರುವ ಮರ್ಯಾದೆ ಇಷ್ಟೇ). ಆಹ್ವಾನ ಪತ್ರಿಕೆಯ ಹಿಂಬದಿಯಲ್ಲಿ ಬರೆದೆ: ಒಂದು ಚತುರ್ಯುಗಕ್ಕೆ 43,20,000 ವರ್ಷ. ಅಂಥವು ಸಾವಿರ ಸೇರಿದರೆ ಬ್ರಹ್ಮನ ಒಂದು ಹಗಲು. ಅವನ ಹಗಲಿಗೂ ಹನ್ನೆರಡು ಗಂಟೆ ಎಂದಿಟ್ಟುಕೊಂಡರೆ, ಅಲ್ಲಿನ ಒಂದು ಸೆಕೆಂಡಿಗೆ ಇಲ್ಲಿ ಸರಿಯಾಗಿ 1 ಲಕ್ಷ ವರ್ಷ. ಒಂದು ಪೈಸೆ ಚಿಲ್ಲರೆಯಿಲ್ಲ! ಹಾಗಾದರೆ ಆ ಹಾಡು ನಡೆದದ್ದು 19 ನಿಮಿಷ 26 ಸೆಕೆಂಡು. ಕಲ್ಯಾಣಿಯೋ ತೋಡಿಯೋ, ಯಾವುದೋ ದೊಡ್ಡ ರಾಗವೇ ಇರಬೇಕು.

ಈಗ ಆ ಸಭೆಯ ಹಿಂದಿನ ಸಾಲಿನಲ್ಲಿ ನಿಂತು ನೋಡಿ. ಹಾಹಾ ಗಂಟಲು ಸರಿಮಾಡಿಕೊಳ್ಳುತ್ತಾನೆ. ರಾಜನ ಮನಸ್ಸಿನಲ್ಲಿದ್ದ ಮೊದಲನೆಯ ಹುಡುಗ, ಅವನ ಅಪ್ಪ, ಅವರ ಊರು, ಎಲ್ಲ ಹೋಯಿತು. ತಂಬೂರಿಯ ಪಂಚಮ ಕೊಂಚ ಇಳಿದಿದೆ ಎಂದು ಹೂಹೂ ಬಿರಡೆ ತಿರುಗಿಸುತ್ತಾನೆ. ನಾಲ್ಕು ಸೆಕೆಂಡು ದಾಟಿತೋ ಇಲ್ಲವೋ, 4,32,000 ವರ್ಷದ ಕಲಿಯುಗ ಒಂದು ಖತಂ. ಸೆಕೆಂಡಿಗೊಂದು ಏಟಿನಂತೆ ಆದಿತಾಳದ ಒಂದು ಆವರ್ತನ ಹಾಕಿದರೆ 8 ಲಕ್ಷ. ದ್ವಾಪರಯುಗ ಮುಗಿಯಲು ಇನ್ನು 64,000 ಬಾಕಿ; ಅಷ್ಟನ್ನು ಯಾರದೋ ‘ಭಲೇ’ ನುಂಗುತ್ತದೆ. ಪಕ್ಕದ ದೇವತೆಯೊಬ್ಬ ತೊಡೆ ತಟ್ಟಿ ತಾಳ ಹಾಕುತ್ತಿದ್ದಾನೆ, ಅದೂ ತಪ್ಪು ತಾಳ (ಇವರು ಎಲ್ಲ ಲೋಕಗಳಲ್ಲೂ ಇದ್ದಾರೆ, ನನ್ನ ಪಕ್ಕದ ಕುರ್ಚಿಗೇ ಬರುತ್ತಾರೆ). ರೇವತಿ ಅಪ್ಪನ ಉತ್ತರೀಯ ಜಗ್ಗುತ್ತಾಳೆ. “ಇರಮ್ಮ, ಈ ಸಂಗತಿ ಒಂದು ಮುಗೀಲಿ” ಎನ್ನುತ್ತಾನೆ ರಾಜ. ಆ ಸಂಗತಿಯಲ್ಲಿ ಕುಶಸ್ಥಲಿಯ ಕೋಟೆ ಬೀಳುತ್ತದೆ. ಎರಡನೆಯ ಸಂಗತಿಗೆ, ಕೋಟೆ ಎಲ್ಲಿತ್ತೆಂದು ತೋರಿಸುವವರೂ ಇಲ್ಲ. ಮೂರನೆಯದಕ್ಕೆ ರಾಜ ಕಣ್ಣುಮುಚ್ಚಿ ತಲೆದೂಗುತ್ತಾನೆ.

ನಮ್ಮ ಬೀದಿಯ ನಿವೃತ್ತ ಲೆಕ್ಕದ ಮೇಷ್ಟ್ರು ಇದನ್ನೆಲ್ಲ ಕೇಳಿ ನಶ್ಯದ ಡಬ್ಬಿ ಮುಚ್ಚಿದರು. “ಅದು ಹಾಡಿನ ತಪ್ಪಲ್ಲ ಸ್ವಾಮಿ, ಆ ಲೋಕದ ಗಡಿಯಾರವೇ ಹಾಗೆ. ಹಾಡಿಲ್ಲದಿದ್ರೂ ನಮಸ್ಕಾರ, ಕುಶಲ ಅಂತ ಎರಡು ನಿಮಿಷ ಆಗ್ತಿತ್ತು. 1 ಕೋಟಿ 20 ಲಕ್ಷ ವರ್ಷ. ಯಾವ ಗಂಡು ಕಾಯ್ತಾನೆ?” ಲೆಕ್ಕ ಸರಿ. ಆದರೂ ನಾನು ಸಿದ್ಧಾಂತ ಬಿಟ್ಟಿಲ್ಲ. ತಡವಾಗಿ ಮನೆಗೆ ಹೋಗುವವನಿಗೆ ಗಡಿಯಾರಕ್ಕಿಂತ ಗಂಧರ್ವರೇ ಹೆಚ್ಚು ಉಪಯೋಗಕ್ಕೆ ಬರುತ್ತಾರೆ.

ಹೆಂಡತಿ ಬೇರೆ ಕಡೆಯಿಂದ ಬಂದಳು. “ಅಲ್ಲಾರೀ, ಆ ರಾಜನಿಗೆ ಹೆಂಡ್ತಿ ಇರ್ಲಿಲ್ವಾ? ಇದ್ದಿದ್ರೆ ಹಾಡು ಮುಗಿಯೋವರ್ಗೂ ನಿಲ್ಲೋಕೆ ಬಿಡ್ತಿದ್ಲಾ?” ಸ್ವಲ್ಪ ಹೊತ್ತು ಬಿಟ್ಟು ಇನ್ನೊಂದು: “ಆ ಹುಡುಗಿ ಏನಂದ್ಲು?”

ಏನೂ ಅನ್ನಲಿಲ್ಲ. ಭಾಗವತದಲ್ಲೂ ಇಲ್ಲ, ವಿಷ್ಣುಪುರಾಣದಲ್ಲೂ ಇಲ್ಲ. ಒಂದು ಹಾಡಿನೊಳಗೆ ಅವಳ ಗೆಳತಿಯರು, ಎತ್ತಿ ಆಡಿಸಿದವರು, ಆಡಿದ ಅಂಗಳ ಎಲ್ಲ ಹೋದವು. ಬ್ರಹ್ಮ ಬಲರಾಮನನ್ನು ತೋರಿಸಿದ. ಹೊಸ ಕಾಲದ ಅಳತೆಗೆ ಹುಡುಗಿ ತೀರ ಎತ್ತರವಾದಳೆಂದು ಬಲರಾಮ ನೇಗಿಲ ತುದಿಯಿಂದ ಅವಳನ್ನು ಗಿಡ್ಡ ಮಾಡಿಕೊಂಡನಂತೆ. ಅಪ್ಪ ಧಾರೆ ಎರೆದುಕೊಟ್ಟು ತಪಸ್ಸಿಗೆ ಹೋದ. ಹಾಡಿನ ಸುಖ ಅವನಿಗೆ, ಎತ್ತರ ಕಳೆದುಕೊಂಡದ್ದು ಅವಳು. ಇದಕ್ಕೆ ನನ್ನ ಆಹ್ವಾನ ಪತ್ರಿಕೆಯ ಹಿಂಬದಿಯಲ್ಲಿ ಲೆಕ್ಕವಿರಲಿಲ್ಲ. ಅಂದು ಸಾರನ್ನು ನಾನೇ ಬಿಸಿಮಾಡಿಕೊಂಡೆ.

ಇನ್ನು ಸಂಗೀತ ಸಭೆಗಳ ಕಾರ್ಯದರ್ಶಿಗಳಲ್ಲಿ ಒಂದು ವಿನಂತಿ. ಹಾಡು ಎಷ್ಟು ಯುಗ ತಿಂದರೂ ನನ್ನ ತಕರಾರಿಲ್ಲ. ಆದರೆ ನಡುವೆ ಹಾಡು ನಿಲ್ಲಿಸಿ, ಶಾಲು ಹೊದಿಸಿ, ಮುಖ್ಯ ಅತಿಥಿಗಳ ಕೈಗೆ ಮೈಕು ಕೊಡುತ್ತೀರಲ್ಲ, ಅದಕ್ಕೂ ಇದೇ ದರ. ಹನ್ನೊಂದು ನಿಮಿಷದ ಭಾಷಣಕ್ಕೆ 6 ಕೋಟಿ 60 ಲಕ್ಷ ವರ್ಷ. ಡೈನೋಸಾರುಗಳು ಅಳಿದು ಆಗಿರುವುದೂ ಹೆಚ್ಚುಕಡಿಮೆ ಅಷ್ಟೇ. ದಯವಿಟ್ಟು ಭಾಷಣಗಳನ್ನು ಮಂಗಳ ಹಾಡಿದ ಮೇಲೆ ಇಟ್ಟುಕೊಳ್ಳಿ. ಆಗ ನಾವು ಹೊರಗೆ ಚಪ್ಪಲಿ ಹುಡುಕುತ್ತಿರುತ್ತೇವೆ.