ಉಡದ ಊಟ

ಬೇಲಿಯಾಚೆಯಿಂದ "ಅಕ್ಕಾ, ನಿಮ್ಮ ಉಡ ಮತ್ತೆ ಬಂದಿತ್ತು" ಅಂತ ಕೂಗು ಬಂತೆಂದರೆ ಅವತ್ತು ಕೋಳಿಗೂಡಿನಲ್ಲಿ ಮೊಟ್ಟೆ ಕಡಿಮೆಯಾಗಿದೆ ಅಂತಲೇ ಅರ್ಥ. ಉಡ ನಾನು ಸಾಕಿದ್ದಲ್ಲ. ಆದರೆ ಅದು ಮಲಗುವುದು ನಮ್ಮ ದರೆಯ ಬಿಲದಲ್ಲಿ, ಹಗಲೆಲ್ಲ ಓಡಾಡುವುದು ನಮ್ಮ ಅಡಿಕೆ ತೋಟದಲ್ಲಿ. ಹಾಗಾಗಿ ಅದರ ತಂಟೆಯೆಲ್ಲ ನನ್ನ ಖಾತೆಗೆ.

"ಈ ಸಲ ಕಾವಿಗೆ ಕೂರಿಸಿದ ಮೊಟ್ಟೆ ಅಕ್ಕಾ. ಇದಕ್ಕೊಂದು ಏನಾದ್ರೂ ಮಾಡ್ಲೇಬೇಕು."

ಅವಳ ಸಂಕಟ ಸುಳ್ಳಲ್ಲ. ಕಾವಿಗೆ ಕೂತ ಕೋಳಿಯ ಕೆಳಗಿನ ಮೊಟ್ಟೆ ಹೋದರೆ ಮುಂದಿನ ಮರಿಗಳೇ ಹೋದಂತೆ. ಉಡ ಮೊಟ್ಟೆ ತಿನ್ನುತ್ತದೆ, ಸಣ್ಣ ಕೋಳಿಮರಿ ಸಿಕ್ಕರೆ ಅದನ್ನೂ ಬಿಡುವುದಿಲ್ಲ. ಇಷ್ಟನ್ನು ಒಪ್ಪಿಕೊಂಡೇ ನಾನು ಅದರ ಪರವಾಗಿ ಮಾತಾಡುತ್ತೇನೆ.

"ತಂಗೀ, ಅದು ನಿನ್ನ ಗೂಡಿಗೆ ಬಂದದ್ದು ನಿಂಗೆ ಕಂಡಿತು. ಉಳಿದ ದಿನ ಅದು ಎಲ್ಲಿ ಊಟ ಮಾಡ್ತದೆ ಅಂತ ನೋಡಿದ್ದೀಯಾ?"

ನಾನು ನೋಡಿದ್ದೇನೆ, ಅಡುಗೆಮನೆ ಕಿಟಕಿಯಿಂದ. ಬಿಸಿಲು ಏರುವ ತನಕ ಅದು ಕೆಲಸಕ್ಕೆ ಹೊರಡುವುದಿಲ್ಲ. ಮೊದಲು ದರೆಯ ಮೇಲೆ ಹೊಟ್ಟೆ ಚಪ್ಪಟೆ ಮಾಡಿಕೊಂಡು ಬಿದ್ದಿರುತ್ತದೆ. ಮೈ ಕಾದ ಮೇಲೆ ಎದ್ದು, ತಲೆಯನ್ನು ಅತ್ತಿತ್ತ ತೂಗುತ್ತ, ಸೀಳುನಾಲಿಗೆಯನ್ನು ಆಗಾಗ ಹೊರಗೆ ಚಾಚುತ್ತ ಕೊಟ್ಟಿಗೆ ಹಿಂದಿನ ಗೊಬ್ಬರಗುಂಡಿಗೆ ಇಳಿಯುತ್ತದೆ. ಒಂದೇ ಕಡೆ ನಿಂತು ನಾಲಿಗೆ ಆಡಿಸತೊಡಗಿತೋ, ಕೆಳಗೆ ಏನೋ ಇದೆ ಎಂದೇ ಲೆಕ್ಕ. ಮುಂಗಾಲಿನ ಉಗುರಿನಿಂದ ಸಗಣಿ, ದರಕು ಎಲ್ಲ ಕೆದರಿ, ಮೂತಿಯನ್ನು ಕಣ್ಣಿನ ತನಕ ಒಳಗೆ ತೂರಿಸುತ್ತದೆ. ಹೊರಗೆ ಬರುವಾಗ ಬಾಯಲ್ಲಿ ಹೆಬ್ಬೆರಳು ದಪ್ಪದ ಬಿಳಿ ಹುಳ ಒದ್ದಾಡುತ್ತಿರುತ್ತದೆ. ತಲೆಯನ್ನು ಒಮ್ಮೆ ಮೇಲಕ್ಕೆಸೆದು, ಹುಳ ಗಂಟಲಿನತ್ತ ಜಾರುತ್ತಿದ್ದಂತೆ ಮತ್ತೊಮ್ಮೆ ಎಸೆದು ನುಂಗುತ್ತದೆ. ಆಮೇಲೆ ಮತ್ತೆ ನಾಲಿಗೆ, ಮತ್ತೆ ಕೆದರಾಟ. ಆ ಹುಳವೇ ಮುಂದೆ ಕೊಂಬಿನ ದುಂಬಿಯಾಗಿ ತೆಂಗಿನ ಸುಳಿ ಕೊರೆಯುವುದು. ಗುಂಡಿಯಲ್ಲಿರುವಾಗಲೇ ಅದನ್ನು ತಿಂದು ಮುಗಿಸುವ ಜೀವಿಯನ್ನು ಓಡಿಸಲು ನನಗಂತೂ ಮನಸ್ಸು ಬರುವುದಿಲ್ಲ.

ಈ ನಾಲಿಗೆ ರುಚಿ ನೋಡುವುದಕ್ಕಾಗಲಿ ಊಟ ಎಳೆದುಕೊಳ್ಳುವುದಕ್ಕಾಗಲಿ ಅಲ್ಲ. ಹಾವಿನದರ ಹಾಗೆಯೇ ಗಾಳಿಯಲ್ಲಿರುವ ವಾಸನೆಯ ಕಣಗಳನ್ನು ಬಾಚಿ, ಬಾಯಿಯ ಮೇಲ್ಭಾಗದಲ್ಲಿರುವ ಜಾಕಬ್‌ಸನ್ ಅಂಗಕ್ಕೆ ಮುಟ್ಟಿಸುವ ಸಾಧನ. ತುದಿ ಎರಡಾಗಿ ಸೀಳಿರುವುದರಿಂದ ವಾಸನೆ ಎಡಕ್ಕೆ ಹೆಚ್ಚೋ ಬಲಕ್ಕೆ ಹೆಚ್ಚೋ ಅಂತಲೂ ತಿಳಿಯುತ್ತದೆ. ಮೂಗಿನ ಹೊಳ್ಳೆಗಳು ಮೂತಿಯ ತುದಿಯಲ್ಲಿ ಇಲ್ಲದೆ ಹಿಂದಕ್ಕೆ ಸರಿದಿವೆ, ಸಣ್ಣ ಸೀಳಿನಂತಿವೆ, ಬೇಕೆಂದಾಗ ಮುಚ್ಚಿಕೊಳ್ಳುತ್ತವೆ. ಇಡೀ ಮೂತಿ ಮಣ್ಣಿಗಿಳಿದರೂ ಮೂಗಿಗೆ ಮಣ್ಣು ಹೋಗುವುದಿಲ್ಲ. ಹಳ್ಳದ ನೀರಿಗೂ ಇದೇ ವ್ಯವಸ್ಥೆ. ಕಾಲು ಗಂಟೆ ಹೊತ್ತು ನೀರೊಳಗೆ ಮುಳುಗಿರಬಲ್ಲ ಪ್ರಾಣಿ ಅದು. ಏಡಿ, ಕಪ್ಪೆ, ಮೀನು ಅದರ ಊಟದ ಸಾಲಿಗೆ ಸೇರುವುದು ಹಾಗೆ.

ನಮ್ಮ ಯಲ್ಲಾಪುರ ತಾಲೂಕಿನ ಚಂದಗುಳಿಯನ್ನು ಹೊರಗಿನವರು ಘಂಟೆ ಗಣಪತಿಯಿಂದ ಗುರುತಿಸುತ್ತಾರೆ. ಹರಕೆ ತೀರಿದವರು ಕಟ್ಟಿದ ಘಂಟೆ ನೋಡಿ, ಬಾರಿಸಿ, ಕೈಮುಗಿದು ಹೋಗುತ್ತಾರೆ. ಇಲ್ಲೇ ಬದುಕುವವರಿಗೆ ಊರೆಂದರೆ ಮೇಲೆ ಸೊಪ್ಪಿನಬೆಟ್ಟ, ನಡುವೆ ಮನೆ ಕೊಟ್ಟಿಗೆ, ಕೆಳಗೆ ತೋಟ, ತೋಟದ ತುದಿಗೆ ಹಳ್ಳ. ಉಡಕ್ಕೆ ಇದಕ್ಕಿಂತ ಒಳ್ಳೆ ಜಾಗ ಇನ್ನೊಂದಿಲ್ಲ. ಬೆಟ್ಟದ ದರಕಿನಡಿ ಚೇಳು, ಜಿರಲೆ, ಮಿಡತೆ. ಮಳೆಗಾಲದಲ್ಲಿ ಶಂಖದಹುಳ. ಕೊಟ್ಟಿಗೆ ಸಂದಿಯಲ್ಲಿ ಇಲಿಮರಿ. ಒಣಗಿದ ಮರದ ಪೊಟರೆಯಲ್ಲಿ ಹಕ್ಕಿಮೊಟ್ಟೆ, ಮಲಗಿದ ಬಾವಲಿ. ಓತಿಕ್ಯಾತ, ಹಾವುರಾಣಿ, ಸಣ್ಣ ಹಾವು, ಹಾವಿನ ಮೊಟ್ಟೆ.

ಹಾವಿನ ಮೊಟ್ಟೆ ಅಂದಾಗ ಬೇಲಿಯಾಚೆ ಮುಖ ಸ್ವಲ್ಪ ಸಡಿಲಾಯಿತು.

"ಹೌದಾ ಅಕ್ಕಾ? ಹಾವನ್ನೂ ತಿಂತದಾ?"

"ತಿಂತದೆ. ಸತ್ತ ಪ್ರಾಣಿ ಸಿಕ್ಕರೆ ಅದನ್ನೂ ಬಿಡೂದಿಲ್ಲ."

"ಥೂ!"

ಥೂ ಅನ್ನುವಂಥದ್ದೇನೂ ಇಲ್ಲ. ಕಾಡಿನಲ್ಲಿ ಸತ್ತದ್ದನ್ನು ಯಾರಾದರೂ ವಿಲೇವಾರಿ ಮಾಡಲೇಬೇಕು. ಈಗ ಹದ್ದುಗಳೂ ಕಡಿಮೆಯಾಗಿವೆ. ಆದರೆ ಈ ಚಟವೇ ಅದಕ್ಕೆ ಮುಳುವಾಗುವುದೂ ಉಂಟು. ರಸ್ತೆಯಲ್ಲಿ ಸತ್ತುಬಿದ್ದ ಕಪ್ಪೆ, ಹಾವು ತಿನ್ನಲು ಬಂದು ತಾನೂ ಚಕ್ರದಡಿಗೆ ಸಿಗುತ್ತದೆ. ಘಟ್ಟದ ರಸ್ತೆಯಲ್ಲಿ ಗಾಡಿ ಓಡಿಸುವವರು ದಯವಿಟ್ಟು ಇದನ್ನೊಂದು ನೆನಪಿಟ್ಟುಕೊಳ್ಳಿ.

ಈ ಪ್ರಾಣಿಯ ಊಟದ ಬಗ್ಗೆ ಅಮೆರಿಕದ ವಾಲ್ಟರ್ ಆಫನ್‌ಬರ್ಗ್ ಎಂಬ ಸರೀಸೃಪ ತಜ್ಞರು ಮಾಡಿದಷ್ಟು ಕೆಲಸ ಮತ್ಯಾರೂ ಮಾಡಿರಲಿಕ್ಕಿಲ್ಲ. ಇಂಡೋನೇಷ್ಯಾದ ಕೊಮೊಡೊ ದ್ವೀಪದಲ್ಲಿ ಇದ್ದು, ಜಿಂಕೆಯನ್ನೇ ಕೆಡಹುವ ದೈತ್ಯ ಉಡದ ಮೇಲೆ 1981ರಲ್ಲಿ ಪುಸ್ತಕ ಬರೆದರು. ಆಮೇಲೆ ಫಿಲಿಪ್ಪೀನ್ಸಿನ ಒಂದು ಉಡದ ಮೇಲೆ ಬರೆದರು. ಅದು ಮರ ಹತ್ತಿ ಹಣ್ಣು ತಿನ್ನುತ್ತದೆ! ಮೂರನೆಯದು 1994ರಲ್ಲಿ ಬಂದ, ನಮ್ಮ ಇದೇ ಉಡದ ಮೇಲಿನ ದೊಡ್ಡ ಪುಸ್ತಕ. ಒಂದೇ ಕುಲ, ಒಬ್ಬನಿಗೆ ಜಿಂಕೆ, ಒಬ್ಬನಿಗೆ ಹಣ್ಣು. ನಮ್ಮವನ ಹೊಟ್ಟೆಯಲ್ಲಿ ಅವರು ಕಂಡದ್ದು ಹೆಚ್ಚಿನ ಪಾಲು ಕೀಟಗಳನ್ನು, ಅದರಲ್ಲೂ ದುಂಬಿಗಳನ್ನು. ಮರಿ ಉಡವಂತೂ ಬಹುಮಟ್ಟಿಗೆ ಹುಳಹುಪ್ಪಟೆಯ ಮೇಲೇ ಬೆಳೆಯುತ್ತದೆ. ಬಾಲವೂ ಸೇರಿ ಐದಡಿ ಮೀರುವ ದೊಡ್ಡ ಉಡ ಇಲಿ, ಹಕ್ಕಿ, ಮೊಟ್ಟೆಗೆ ಬಾಯಿ ಹಾಕುತ್ತದೆ ನಿಜ, ಆದರೂ ಹುಳ ಹುಡುಕುವುದನ್ನು ನಿಲ್ಲಿಸುವುದಿಲ್ಲ.

ತೋಟ ಇದ್ದವರಿಗೆ ಇದು ಸಣ್ಣ ಸಂಗತಿ ಅಲ್ಲ. ಬೇರುಹುಳದ ಕಾಟ ಅನುಭವಿಸಿದವರನ್ನು ಕೇಳಿ. ಮುಂಗಾರಿನ ಮೊದಲ ಮಳೆ ಬಿದ್ದ ಸಂಜೆ ಮಣ್ಣಿನಿಂದ ದುಂಬಿ ಮೇಲೆದ್ದು ಹಾರುತ್ತದೆ, ಮತ್ತೆ ಮಣ್ಣಿನಲ್ಲೇ ಮೊಟ್ಟೆ ಇಡುತ್ತದೆ. ಬಾಗಿದ ಬಿಳಿ ಮೈಯ, ಕಂದು ತಲೆಯ ಹುಳ ಅಡಿಕೆಯ ಎಳೆ ಬೇರನ್ನು ಕಚ್ಚುತ್ತ ಒಳಗೊಳಗೇ ಬೆಳೆಯುತ್ತದೆ. ಸೋಗೆ ಹಳದಿಯಾಗಿ, ತಲೆ ಸಣ್ಣದಾಗಿ, ಕಾಯಿ ಉದುರಿ, ಕೊನೆಗೆ ಮರ ಅಲುಗಾಡುವ ಹೊತ್ತಿಗೆ ನಮಗೆ ಗೊತ್ತಾಗುತ್ತದೆ. ಇದಕ್ಕೆ ವರ್ಷಗಟ್ಟಲೆ ಫೋರೇಟ್ ಹಾಕಿದರು. ಊರ ಬಾಯಲ್ಲಿ ತಿಮೆಟ್ ಅಂದರೆ ಅದೇ. ಎಷ್ಟು ಕೆಟ್ಟ ವಿಷವೆಂದರೆ 2020ರ ಕೊನೆಗೆ ದೇಶದಲ್ಲೇ ಅದರ ಬಳಕೆ ನಿಷೇಧವಾಯಿತು.

ಒಂದು ಉಡ ಇಡೀ ತೋಟದ ಬೇರುಹುಳ ಮುಗಿಸುತ್ತದೆ ಎಂದು ನಾನು ಹೇಳುವುದಿಲ್ಲ. ಹುಳ ಆಳದಲ್ಲೂ ಇರುತ್ತದೆ, ಉಡದ ಹೊಟ್ಟೆಯೂ ಸಣ್ಣದು. ತಣ್ಣನೆ ರಕ್ತದ ಪ್ರಾಣಿ, ಮೈ ಬಿಸಿ ಇಟ್ಟುಕೊಳ್ಳಲು ಬಿಸಿಲು ಸಾಕು. ಅದೇ ತೂಕದ ನರಿಯೋ ಬೆಕ್ಕೋ ತಿನ್ನುವುದರಲ್ಲಿ ಸಣ್ಣ ಪಾಲು ಅದಕ್ಕೆ ಸಾಕಾಗುತ್ತದೆ. ಆದರೆ ಉಡ, ಮುಂಗುಸಿ, ಕೆಂಬೂತ, ಕಪ್ಪೆ, ಇವೆಲ್ಲ ಸೇರಿ ಮಾಡುವ ಕೆಲಸವನ್ನು ಯಾವ ಪುಡಿಯೂ ಮಾಡುವುದಿಲ್ಲ ಎಂಬುದು ನನ್ನ ಖಚಿತ ನಂಬಿಕೆ. ವಿಷ ಹಾಕಿದ ಮಣ್ಣಿನ ಹುಳ ಕೊನೆಗೆ ಇವುಗಳ ಹೊಟ್ಟೆಗೇ ಹೋಗುವುದು.

ತಿನ್ನುವುದು ಬದಲಾದರೆ ಏನಾಗುತ್ತದೆ ಎಂಬುದಕ್ಕೆ ಆಸ್ಟ್ರೇಲಿಯಾ ಸಾಕ್ಷಿ. ಕಬ್ಬಿನ ಗದ್ದೆಯ ದುಂಬಿ ತಿನ್ನಲಿ ಎಂದು 1935ರಲ್ಲಿ ಹೊರಗಿನಿಂದ ಒಂದು ಜಾತಿಯ ನೆಲಗಪ್ಪೆ ತಂದು ಬಿಟ್ಟರು. ದುಂಬಿ ಕಡಿಮೆಯಾಗಲಿಲ್ಲ. ಆ ಕಪ್ಪೆಯ ಮೈಯಲ್ಲಿ ವಿಷ. ಕಪ್ಪೆ ಹಬ್ಬಿದಲ್ಲೆಲ್ಲ ಅಲ್ಲಿನ ದೊಡ್ಡ ಉಡಗಳು ತಿಂದು ತಿಂದು ಸತ್ತವು. ಈಗ ವಿಜ್ಞಾನಿಗಳು ಕೊಲ್ಲುವಷ್ಟು ವಿಷವಿಲ್ಲದ ಮರಿಗಪ್ಪೆಯನ್ನು ಮೊದಲೇ ತಿನ್ನಿಸಿ, ಹೊಟ್ಟೆ ಕೆಟ್ಟ ಉಡ ಮುಂದೆ ದೊಡ್ಡ ಕಪ್ಪೆಯ ತಂಟೆಗೆ ಹೋಗದಂತೆ ಮಾಡಿ ನೋಡಿದ್ದಾರೆ. ಅಂದರೆ ಉಡ ಕಲಿಯುತ್ತದೆ. ಒಮ್ಮೆ ಮೊಟ್ಟೆ ಸಿಕ್ಕ ಗೂಡಿಗೆ ಮತ್ತೆ ಬರುವುದೂ ಇದೇ ಬುದ್ಧಿಯಿಂದ.

"ಹಾಗಾದ್ರೆ ನನ್ನ ಗೂಡಿಗೆ ಬಾರದ ಹಾಗೆ ಹೇಗೆ ಕಲಿಸೂದು?" ಅಂತ ಅವಳು ಕೇಳಿದಳು. ನ್ಯಾಯವಾದ ಪ್ರಶ್ನೆ.

ಉಡ ಹಗಲಿನ ಪ್ರಾಣಿ. ನಾವು ಗೂಡು ಭದ್ರ ಮಾಡುವುದು ಮಾತ್ರ ರಾತ್ರಿಗೆ, ನರಿ ಬೆಕ್ಕಿಗೆ ಹೆದರಿ. ಕಾವಿಗೆ ಕೂತ ಕೋಳಿಯ ಬುಟ್ಟಿಯನ್ನು ಹಗಲೂ ಸಣ್ಣ ಕಣ್ಣಿನ ಬಲೆಯೊಳಗೆ ಇಟ್ಟು, ಬಲೆಯ ಬುಡವನ್ನು ಮಣ್ಣಿನಲ್ಲಿ ಹೂತರೆ ಒಳ್ಳೆಯದು, ಯಾಕೆಂದರೆ ಉಡ ತೋಡುವುದರಲ್ಲಿ ಗಟ್ಟಿ. ಉಳಿದ ಮೊಟ್ಟೆಗಳನ್ನು ಕೋಳಿ ಇಟ್ಟು ಎದ್ದ ಕೂಡಲೇ ತೆಗೆದಿಡಬೇಕು. ಕೆಲವು ಸಲ ಬಂದು ಏನೂ ಸಿಗದೆ ಹೋದರೆ ಅದು ಗೊಬ್ಬರಗುಂಡಿಯಲ್ಲೇ ಹೊಟ್ಟೆ ತುಂಬಿಸಿಕೊಳ್ಳುತ್ತದೆ.

ಹೊಡೆದು ಹಾಕುವ ಯೋಚನೆ ಮಾತ್ರ ಬೇಡ. ಸೊಂಟನೋವಿಗೆ ಔಷಧಿ ಅಂತ ಮಾಂಸಕ್ಕೆ, ಕಂಜಿರಕ್ಕೂ ಕರಾವಳಿಯ ಗುಮಟೆಗೂ ಬೇಕೆಂದು ಚರ್ಮಕ್ಕೆ, ಈ ಪ್ರಾಣಿಯನ್ನು ಹಿಡಿದು ಕೊಂದದ್ದು ಸಾಕಾಗಿದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಲ್ಲಿ ಉಡ ಮೊದಲ ಪರಿಶಿಷ್ಟದಲ್ಲಿದೆ, ಹುಲಿ ಆನೆಯ ಸಾಲಿನಲ್ಲೇ. ಕೊಂದರೆ 3ರಿಂದ 7 ವರ್ಷ ಜೈಲು, ಜೊತೆಗೆ ಕನಿಷ್ಠ 25,000 ರೂಪಾಯಿ ದಂಡ. ಮನೆಯೊಳಗೆ ಬಂದರೆ ಬಾಗಿಲು ತೆರೆದಿಟ್ಟು ನಾಯಿ ಕಟ್ಟಿಹಾಕಿ, ತಾನೇ ಹೋಗುತ್ತದೆ. ಹೋಗದಿದ್ದರೆ ಅರಣ್ಯ ಇಲಾಖೆಗೆ ಫೋನು ಮಾಡಿ.

ಇನ್ನೊಂದು ಮಾತು, ತೋಟದ ಅಂಚಿನ ಗೆದ್ದಲು ಹುತ್ತ ಅಗೆಯುವವರಿಗೆ. ಜೂನಿನಿಂದ ಸೆಪ್ಟೆಂಬರ್ ತನಕ ಉಡ ಮೊಟ್ಟೆ ಇಡುವ ಕಾಲ. ಕೆಲವೊಮ್ಮೆ ಹುತ್ತದಲ್ಲೇ ಇಟ್ಟು ಮಣ್ಣು ಮುಚ್ಚಿ, ಮೂತಿಯಿಂದ ಒತ್ತಿ ಹೋಗುತ್ತದೆ. ಮರಿ ಹೊರಬರಲು ಐದೂವರೆ ತಿಂಗಳಿಂದ ಎಂಟು ತಿಂಗಳು ಬೇಕು. ಅಲ್ಲಿಯ ತನಕ ಆ ಹುತ್ತವನ್ನು ಬಿಟ್ಟುಬಿಡಿ.